ಮುರಿದ ಕಾಲ್ಬೆರಳು, ಮಳೆಗಾಲದ ಆರು ವಾರ

ಕಾಲಿನ ಬೆರಳಿಗೆ ಜೋರು ಪೆಟ್ಟು ಬಿದ್ದರೆ ಐಸ್ ಹುಡುಕುವ ಮೊದಲು ಕಾಲುಂಗುರ ತೆಗೆಯಿರಿ. ಪೆಟ್ಟು ಬಿದ್ದದ್ದು ಕಿರುಬೆರಳಿಗೆ, ಉಂಗುರ ಇರುವುದು ಎರಡನೆಯದಕ್ಕೆ, ಇರಲಿ ಬಿಡು ಎಂದುಕೊಂಡವರು ಮರುದಿನ ಬೆಳಿಗ್ಗೆ ಪರದಾಡುತ್ತಾರೆ. ಬಾವು ಒಂದೇ ಬೆರಳಲ್ಲಿ ನಿಲ್ಲುವುದಿಲ್ಲ, ಪಾದದ ಮುಂಭಾಗಕ್ಕೆಲ್ಲ ಇಳಿಯುತ್ತದೆ. ಬಾತ ಬೆರಳಿನ ಬುಡದಲ್ಲಿ ಸಿಕ್ಕಿಕೊಂಡ ಉಂಗುರ ರಕ್ತದ ಓಡಾಟವನ್ನೇ ತಡೆಯಬಹುದು.

ನಮ್ಮ ಕಡೆಯ ಬೆಳ್ಳಿ ಕಾಲುಂಗುರಗಳಲ್ಲಿ ಅಡಿಭಾಗ ಬಾಯಿಬಿಟ್ಟಿರುವವೇ ಹೆಚ್ಚು. ಎರಡು ತುದಿಗಳನ್ನು ಚಿಕ್ಕ ಇಕ್ಕಳದಿಂದ ಮೆಲ್ಲ ಅಗಲಿಸಿದರೆ ಸಾಕು, ಬೆಳ್ಳಿ ಮೆತ್ತಗಿನ ಲೋಹ, ಮಣಿಯುತ್ತದೆ. ಮುಚ್ಚಿದ ಉಂಗುರವಾದರೆ ಐದು ನಿಮಿಷ ಮಲಗಿ ಕಾಲನ್ನು ದಿಂಬಿನ ಮೇಲೆ ಎತ್ತಿಟ್ಟು, ತೆಂಗಿನೆಣ್ಣೆಯನ್ನೋ ಸೋಪಿನ ನೊರೆಯನ್ನೋ ಹಚ್ಚಿ ತಿರುಗಿಸುತ್ತ ತೆಗೆಯಬೇಕು. ಆಗಲೂ ಬಾರದಿದ್ದರೆ ದಾರದ ಉಪಾಯ ಉಂಟು. ಅರ್ಧ ಮೀಟರು ಹೊಲಿಗೆ ದಾರದ ಒಂದು ತುದಿಯನ್ನು ಉಂಗುರದ ಕೆಳಗಿಂದ ಬೆರಳಿನ ಬುಡದ ಕಡೆಗೆ ತೂರಿಸಿ. ಉಳಿದ ದಾರವನ್ನು ಉಂಗುರಕ್ಕೆ ತಾಗಿದಂತೆ ಶುರುಮಾಡಿ, ಬೆರಳಿನ ಗಂಟು ದಾಟುವವರೆಗೆ, ಸುತ್ತಿನ ಪಕ್ಕ ಸುತ್ತು ಬರುವಂತೆ ಸುತ್ತಿ. ಆಮೇಲೆ ಬುಡದ ಕಡೆಯ ತುದಿಯನ್ನು ಹಿಡಿದು ಬೆರಳ ತುದಿಯತ್ತ ಬಿಚ್ಚುತ್ತ ಬಂದರೆ ಒಂದೊಂದು ಸುತ್ತು ಬಿಚ್ಚಿದಷ್ಟೂ ಉಂಗುರ ಮುಂದೆ ಸರಿಯುತ್ತದೆ. ಉಂಗುರ ಇರುವ ಬೆರಳೇ ಮುರಿದಿದ್ದರೆ ಇದನ್ನು ಮಾಡಬಾರದು. ಆಗ ಕತ್ತರಿಸಿ ತೆಗೆಸುವುದೇ ಸರಿ. ಆಸ್ಪತ್ರೆಯ ತುರ್ತು ವಿಭಾಗದಲ್ಲಿ ಅದಕ್ಕೆ ಕಟ್ಟರ್ ಇರುತ್ತದೆ. ಉಂಗುರವನ್ನು ಮತ್ತೆ ಬೆಸೆಸಬಹುದು.

ಬೆರಳು ಮುರಿಯುವ ಬಗೆ ಎರಡು. ಒಂದು, ಎಡವುವುದು. ಹಳೆಯ ಹಂಚಿನ ಮನೆಗಳ ಎತ್ತರದ ಹೊಸ್ತಿಲು, ಮಂಚದ ಕಾಲು, ಕರೆಂಟು ಹೋದ ರಾತ್ರಿಯಲ್ಲಿ ದಾರಂದದ ಮೂಲೆ, ಪಾಚಿಗಟ್ಟಿದ ಮುರಕಲ್ಲಿನ ಮೆಟ್ಟಿಲು. ಇಲ್ಲಿ ಹೆಚ್ಚಾಗಿ ಕಿರುಬೆರಳು ಹೊರಗೆ ತಿರುಚಿ, ಬುಡದ ಮೂಳೆ ಓರೆಯಾಗಿ ಸೀಳುತ್ತದೆ. ಇನ್ನೊಂದು, ಭಾರ ಬೀಳುವುದು. ತುಂಬಿದ ಗ್ಯಾಸ್ ಸಿಲಿಂಡರಿನಲ್ಲಿ ಗ್ಯಾಸೇ 14.2 ಕಿಲೋ, ಕಬ್ಬಿಣ ಸೇರಿದರೆ ಹತ್ತಿರಹತ್ತಿರ 30 ಕಿಲೋ. ಅದರ ಅಂಚು ಹೆಬ್ಬೆರಳ ಮೇಲೆ ಕೂತರೆ ಉಗುರಿನಡಿಯ ತುದಿಮೂಳೆ ಪುಡಿಯಾಗುತ್ತದೆ. ಕಡೆಯುವ ಕಲ್ಲಿನ ಗುಂಡು ಕೈಜಾರಿ ಬಿದ್ದರೂ ಅಷ್ಟೆ. ಮೊದಲನೆಯ ಬಗೆಯಲ್ಲಿ ಸಮಸ್ಯೆ ಮೂಳೆಯದ್ದು, ಎರಡನೆಯದರಲ್ಲಿ ಮೂಳೆಗಿಂತ ಉಗುರು ಮತ್ತು ಚರ್ಮದ್ದು.

"ಬೆರಳು ಆಡಿಸಲು ಬರುತ್ತದೆ, ಹಾಗಾದರೆ ಮುರಿದಿಲ್ಲ" ಎಂಬ ಮಾತನ್ನು ನಂಬಬೇಡಿ. ಸ್ನಾಯುವಿನ ನಾರು ಗಟ್ಟಿ ಇರುವವರೆಗೆ ಮುರಿದ ಬೆರಳೂ ಆಡುತ್ತದೆ. ಇದಕ್ಕಿಂತ ಒಳ್ಳೆಯ ಪರೀಕ್ಷೆ ಬೇರೆ ಉಂಟು. ಬೆರಳಿನ ತುದಿಯನ್ನು ಹಿಡಿದು ಹಿಮ್ಮಡಿಯ ದಿಕ್ಕಿಗೆ ಮೆಲ್ಲ ಒತ್ತಬೇಕು. ಪೆಟ್ಟಾದ ಜಾಗವನ್ನು ಮುಟ್ಟದೇ ಇದ್ದರೂ ಮೂಳೆಯ ನಡುವೆ ಒಂದೇ ಕಡೆ ಚುಚ್ಚಿದ ಹಾಗಾದರೆ ಅದು ಮುರಿತ ಎಂದೇ ತಿಳಿದು ನಡೆದುಕೊಳ್ಳಿ. ಮರುದಿನದ ನೀಲಿಗಪ್ಪು ಬಣ್ಣ ಬೆರಳನ್ನು ದಾಟಿ ಪಾದದ ಮೇಲಕ್ಕೆ ಹರಡಿದ್ದರೂ ಅನುಮಾನ ಗಟ್ಟಿಯಾಗುತ್ತದೆ. ಹಾಗೆಯೇ ಎರಡೂ ಪಾದಗಳನ್ನು ಜೋಡಿಸಿ ಉಗುರುಗಳನ್ನು ಹೋಲಿಸಿ ನೋಡಿ. ಒಂದು ಉಗುರು ಮಾತ್ರ ಪಕ್ಕಕ್ಕೆ ಮುಖ ತಿರುಗಿಸಿದ್ದರೆ ಮೂಳೆ ತಿರುಚಿದೆ, ಅದನ್ನು ಸರಿಮಾಡದೆ ಕಟ್ಟಬಾರದು.

ನೋವು ಬೆರಳಲ್ಲಿ ಇಲ್ಲದೆ ಪಾದದ ಹೊರ ಅಂಚಿನ ನಡುವೆ, ಅಲ್ಲಿರುವ ಉಬ್ಬಿನ ಮೇಲೆ ಇದ್ದರೆ ಅದು ಬೆರಳಿನ ಮುರಿತವಲ್ಲ. ಕಾಲು ಉಳುಕಿದಾಗ ಅಲ್ಲಿನ ಉದ್ದದ ಮೂಳೆ ಬಿರುಕು ಬಿಡುತ್ತದೆ, ಅದರ ಚಿಕಿತ್ಸೆಯೇ ಬೇರೆ. ಈ ಎರಡನ್ನು ಒಂದೇ ಎಂದುಕೊಂಡು ಬೆರಳಿಗೆ ಪಟ್ಟಿ ಸುತ್ತಿಕೊಂಡು ಓಡಾಡಿದರೆ ತಿಂಗಳುಗಟ್ಟಲೆ ಕೂಡದೆ ಉಳಿಯಬಹುದು.

ಎಲ್ಲರೂ ಎಕ್ಸ್‌ರೇಗೆ ಓಡಬೇಕೇ? ಸಣ್ಣ ಬೆರಳು, ನೆಟ್ಟಗಿದೆ, ಗಾಯವಿಲ್ಲ ಎಂದಾದರೆ ಎಕ್ಸ್‌ರೇ ತೆಗೆದರೂ ತೆಗೆಯದಿದ್ದರೂ ಮಾಡುವುದು ಒಂದೇ, ಪಕ್ಕದ ಬೆರಳಿಗೆ ಸೇರಿಸಿ ಕಟ್ಟುವುದು. ಹೆಬ್ಬೆರಳಾದರೆ ಮಾತ್ರ ಎಕ್ಸ್‌ರೇ ಬಿಡುವಂತಿಲ್ಲ. ನಡೆಯುವಾಗ ಉಳಿದ ಯಾವ ಬೆರಳಿಗಿಂತಲೂ ಎಷ್ಟೋ ಹೆಚ್ಚು ಭಾರ ಹೊರುವುದು ಅದು. ಮುರಿತ ಗಂಟಿನೊಳಗೆ ಹೋಗಿದ್ದರೆ ಮುಂದೆ ಬೆರಳು ಸೆಟೆದು ನಿಲ್ಲುತ್ತದೆ. ಮೇಲಿನಿಂದ, ಪಕ್ಕದಿಂದ, ಓರೆಯಿಂದ ಹೀಗೆ ಮೂರು ಕೋನದಲ್ಲಿ ತೆಗೆಸಬೇಕು. ಪಕ್ಕದ ನೋಟದಲ್ಲಿ ಬೆರಳುಗಳು ಒಂದರ ಮೇಲೊಂದು ಬೀಳುವುದರಿಂದ ಒಂದೇ ಕೋನದಲ್ಲಿ ಬಿರುಕು ತಪ್ಪಿಹೋಗುವುದುಂಟು.

ಬೆಳಗಾಗಲಿ ಎಂದು ಕಾಯಬಾರದ ಸಂದರ್ಭಗಳೂ ಇವೆ. ಚರ್ಮ ಹರಿದು ಗಾಯವಾಗಿದ್ದರೆ, ಬೆರಳು ಸೊಟ್ಟಗಾಗಿದ್ದರೆ, ತಣ್ಣಗಾಗಿ ಬಿಳಿಚಿದ್ದರೆ ಅಥವಾ ಜೋಮು ಹಿಡಿದಿದ್ದರೆ, ಸಕ್ಕರೆ ಕಾಯಿಲೆಯವರಾಗಿದ್ದರೆ ಕೂಡಲೇ ಹೋಗಬೇಕು. ಮಂಗಳೂರಿನಲ್ಲಿ ವೆನ್ಲಾಕ್ ಆಸ್ಪತ್ರೆ, ಉಡುಪಿಯಲ್ಲಿ ಅಜ್ಜರಕಾಡಿನ ಜಿಲ್ಲಾಸ್ಪತ್ರೆ, ಅಥವಾ ಹತ್ತಿರದಲ್ಲಿ ಮೂಳೆ ವೈದ್ಯರು ಇರುವ ಯಾವುದಾದರೂ ಸರಿ. ಮಗು ಎಡವಿ ಹೆಬ್ಬೆರಳ ಉಗುರಿನ ಬುಡದಿಂದ ರಕ್ತ ಜಿನುಗುತ್ತಿದ್ದರೆ ಅದನ್ನು ಬರೀ ಉಗುರಿನ ಗಾಯ ಎನ್ನಬೇಡಿ. ಮಕ್ಕಳಲ್ಲಿ ಉಗುರಿನ ಬುಡದಡಿಯೇ ಮೂಳೆ ಬೆಳೆಯುವ ಪದರ ಇರುತ್ತದೆ. ಅಲ್ಲಿ ಮುರಿದಿದ್ದರೆ ಗಾಯದ ಸೋಂಕು ನೇರ ಮೂಳೆಗೇ ಇಳಿಯುತ್ತದೆ. ಚರ್ಮ ಹರಿದ ಯಾವ ಗಾಯಕ್ಕೂ ಟೆಟನಸ್ ಚುಚ್ಚುಮದ್ದು ಯಾವಾಗ ಆಗಿತ್ತೆಂದು ವೈದ್ಯರಿಗೆ ಹೇಳಬೇಕು.

ಉಗುರಿನಡಿ ರಕ್ತ ತುಂಬಿ ಕಪ್ಪಾಗಿ, ಎದೆಬಡಿತದ ತಾಳಕ್ಕೆ ಮಿಡಿಯುತ್ತಿದ್ದರೆ ವೈದ್ಯರು ಉಗುರಿಗೆ ಸಣ್ಣ ತೂತು ಮಾಡಿ ರಕ್ತ ಬಿಡುತ್ತಾರೆ. ಆ ಕ್ಷಣವೇ ನೋವು ಇಳಿಯುತ್ತದೆ. ಇದು ಮೊದಲ ಒಂದೆರಡು ದಿನದ ಕೆಲಸ, ಆಮೇಲೆ ರಕ್ತ ಹೆಪ್ಪುಗಟ್ಟುತ್ತದೆ. ಮನೆಯಲ್ಲಿ ಸೂಜಿ ಕಾಯಿಸಿ ಚುಚ್ಚಬಾರದು. ಅಡಿಯಲ್ಲಿ ಮುರಿದ ಮೂಳೆ ಇದ್ದರೆ ಸೋಂಕಿಗೆ ಬಾಗಿಲು ತೆರೆದಂತೆ. ಆ ಉಗುರು ಕೆಲವು ವಾರಗಳಲ್ಲಿ ಕಳಚಬಹುದು, ಹೊಸದು ಪೂರ್ತಿ ಬರಲು ಒಂದರಿಂದ ಒಂದೂವರೆ ವರ್ಷ.

ಮೊದಲ ಎರಡು ದಿನ ಐಸ್ ಮತ್ತು ಎತ್ತರ. ಐಸನ್ನು ಬೈರಾಸಿನಲ್ಲಿ (ಟವೆಲಿನಲ್ಲಿ) ಸುತ್ತಿ 15 ರಿಂದ 20 ನಿಮಿಷ, ಎಚ್ಚರ ಇರುವಷ್ಟು ಹೊತ್ತು ಎರಡು ಮೂರು ಗಂಟೆಗೊಮ್ಮೆ. ಪಾದದಲ್ಲಿ ಸ್ಪರ್ಶಜ್ಞಾನ ಕಡಿಮೆ ಇರುವವರು ಐಸ್ ಇಡಬಾರದು, ಸುಟ್ಟದ್ದೇ ಗೊತ್ತಾಗುವುದಿಲ್ಲ. ಎತ್ತರ ಎಂದರೆ ಎದೆಯ ಮಟ್ಟಕ್ಕಿಂತ ಮೇಲೆ, ಮಲಗಿ ಎರಡು ದಿಂಬು. ಕುರ್ಚಿಯಲ್ಲಿ ಕೂತು ಕಾಲನ್ನು ಸ್ಟೂಲಿನ ಮೇಲೆ ಇಡುವುದು ಆ ಲೆಕ್ಕಕ್ಕೆ ಬರುವುದಿಲ್ಲ. ನೋವಿಗೆ ಪ್ಯಾರಾಸಿಟಮಾಲ್ 500 ಅಥವಾ 650 ಮಿಲಿಗ್ರಾಂ, ಆರು ಗಂಟೆ ಅಂತರದಲ್ಲಿ. ಲಿವರ್ ತೊಂದರೆ ಇದ್ದವರು ಮೊದಲೇ ಕೇಳಬೇಕು. ಉರಿಯೂತ ತಗ್ಗಿಸುವ ನೋವಿನ ಮಾತ್ರೆಗಳನ್ನು ಕಿಡ್ನಿ ತೊಂದರೆ, ಹೊಟ್ಟೆಹುಣ್ಣು ಇದ್ದವರು, ರಕ್ತ ತೆಳುವಾಗುವ ಮಾತ್ರೆ ತಿನ್ನುವವರು ವೈದ್ಯರನ್ನು ಕೇಳದೆ ನುಂಗಬಾರದು.

ಈ ದಿನಗಳಲ್ಲೇ ಮನೆಯವರಿಂದ, ನೆರೆಯವರಿಂದ ಒತ್ತಾಯ ಬರುವುದು: ಎಣ್ಣೆ ಬಿಸಿಮಾಡಿ ತಿಕ್ಕಿಸಿಕೊಳ್ಳಿ, ಎಳೆದು ಕೂರಿಸಿಕೊಳ್ಳಿ. ಪ್ರೀತಿಯಿಂದಲೇ ಹೇಳುತ್ತಾರೆ. ಆದರೆ ಬಿಸಿ ತಾಗಿದರೆ ಬಾವು ಹೆಚ್ಚುತ್ತದೆ, ತಿಕ್ಕಿದರೆ ಆಗಷ್ಟೇ ಹೆಪ್ಪುಗಟ್ಟುತ್ತಿರುವ ರಕ್ತದ ಉಂಡೆ ಚದುರುತ್ತದೆ. ಮೂಳೆ ಕೂಡುವುದು ಆ ಉಂಡೆಯಿಂದಲೇ. ಅದು ಎರಡು ಮೂರು ವಾರದಲ್ಲಿ ರಬ್ಬರಿನಂಥ ಮೆದು ಬೆಸುಗೆಯಾಗಿ, ಆಮೇಲೆ ಸುಣ್ಣ ಸೇರಿ ಗಟ್ಟಿಯಾಗುತ್ತದೆ. ಬಿದಿರಿನ ಸೀಳಿಟ್ಟು ಬಿಗಿಯಾಗಿ ಕಟ್ಟಿದ ಬೆರಳು ಕಪ್ಪಾಗಿ ಬರುವುದನ್ನು ತಡೆಯಲು ಇರುವ ದಾರಿ ಒಂದೇ, ಬಾವು ಇರುವಾಗ ಯಾವುದನ್ನೂ ಬಿಗಿಯಾಗಿ ಕಟ್ಟದಿರುವುದು.

ಇನ್ನು ಪಟ್ಟಿ. ಮಂಗಳೂರು, ಉಡುಪಿಯ ಮಳೆಗಾಲದಲ್ಲಿ ಗೆಲ್ಲುವುದೂ ಸೋಲುವುದೂ ಇಲ್ಲೇ. ಬೇಕಾದ್ದು ಅರ್ಧ ಇಂಚು ಅಗಲದ ಪೇಪರ್ ಟೇಪು, ಗಾಜ್ ಬಟ್ಟೆ, ಕತ್ತರಿ. ಹತ್ತಿಯ ಉಂಡೆ ಬೇಡ, ಬೆವರು ಹೀರಿ ಕಲ್ಲಿನ ಹಾಗೆ ಗಟ್ಟಿಯಾಗಿ ಸಂದನ್ನು ಅಗಲಿಸುತ್ತದೆ. ಕಿರುಬೆರಳನ್ನು ನಾಲ್ಕನೆಯದಕ್ಕೆ, ಮೂರನೆಯದನ್ನು ಎರಡನೆಯದಕ್ಕೋ ನಾಲ್ಕನೆಯದಕ್ಕೋ, ಎರಡನೆಯದನ್ನು ಮೂರನೆಯದಕ್ಕೆ ಸೇರಿಸಬೇಕು. ಹೆಬ್ಬೆರಳಿಗೆ ಪಕ್ಕದ ಸಣ್ಣ ಬೆರಳು ಆಸರೆಯಾಗಲಾರದು. ಅದಕ್ಕೆ ಬೆರಳನ್ನೂ ಹೊದಿಸುವ ಪ್ಲಾಸ್ಟರೋ ವಾಕಿಂಗ್ ಬೂಟೋ ಎರಡು ಮೂರು ವಾರ, ನಂತರ ಗಟ್ಟಿ ಅಟ್ಟೆಯ ಪಾದರಕ್ಷೆ.

ಕಾಲು ತೊಳೆದು, ತೆಳು ಬೈರಾಸಿನ ಮೂಲೆಯನ್ನು ಬೆರಳ ಸಂದಿಗೆ ಹಾಕಿ ಒರೆಸಿ. ತಿಕ್ಕಬೇಡಿ, ಒತ್ತಿ ತೆಗೆಯಿರಿ. ಆಮೇಲೆ ಫ್ಯಾನಿನ ಕೆಳಗೆ ಹತ್ತು ನಿಮಿಷ. ಈ ಹತ್ತು ನಿಮಿಷವನ್ನು ಬಿಡುವವರೇ ಹೆಚ್ಚು. ಆಟಿಯ, ಅಂದರೆ ಜುಲೈ-ಆಗಸ್ಟಿನ ತುಳು ತಿಂಗಳ, ಗಾಳಿಯಲ್ಲಿ ಒರೆಸಿದ ಮಾತ್ರಕ್ಕೆ ಚರ್ಮ ಒಣಗುವುದಿಲ್ಲ. ಗಾಜ್ ಬಟ್ಟೆಯನ್ನು ನಾಲ್ಕು ಪದರ ಮಡಿಸಿ, ಬೆರಳಿನ ದಪ್ಪಕ್ಕಿಂತ ತುಸು ಕಿರಿದಾಗಿ ಕತ್ತರಿಸಿ, ಸಂದಿಯಲ್ಲಿ ಸಪಾಟಾಗಿ ಇಡಿ. ಎಂಟರಿಂದ ಹತ್ತು ಸೆಂಟಿಮೀಟರಿನ ಎರಡು ತುಂಡು ಟೇಪು. ಮೊದಲನೆಯದು ಎರಡೂ ಬೆರಳಿನ ಬುಡದಲ್ಲಿ, ಮೊದಲ ಗಂಟಿಗಿಂತ ಹಿಂದೆ. ಎರಡನೆಯದು ಆ ಗಂಟಿಗಿಂತ ಮುಂದೆ. ಗಂಟಿನ ಮೇಲೆ ಟೇಪು ಬರಬಾರದು, ಉಗುರು ಕಾಣುತ್ತಿರಬೇಕು. ಮೇಲಿನಿಂದ ಶುರುಮಾಡಿ ಅಡಿಯಿಂದ ಸುತ್ತಿ ಮತ್ತೆ ಮೇಲೆಯೇ ಮುಗಿಸಿ, ಒಂದು ಸೆಂಟಿಮೀಟರು ಒಂದರ ಮೇಲೊಂದು ಬಂದರೆ ಸಾಕು. ಟೇಪನ್ನು ಎಳೆಯದೆ ಬರೀ ಹೊದಿಸಬೇಕು. ಎಳೆದು ಅಂಟಿಸಿದ ಪೇಪರ್ ಟೇಪು ಸಂಜೆಯ ಬಾವಿಗೆ ಚರ್ಮವನ್ನು ಕೊಯ್ಯುತ್ತದೆ.

ಕಟ್ಟಿದ ಮೇಲೆ ಎರಡೂ ಉಗುರನ್ನು ಒತ್ತಿ ಬಿಳಿ ಮಾಡಿ ಬಿಡಿ. ಎರಡು ಸೆಕೆಂಡಿನೊಳಗೆ ಕೆಂಪು ಮರಳಬೇಕು. ಅರ್ಧ ಗಂಟೆ ಕಾಲು ಕೆಳಗಿಳಿಸಿ ಓಡಾಡಿದ ಮೇಲೆ ಮತ್ತೊಮ್ಮೆ ನೋಡಿ, ಏಕೆಂದರೆ ಮಲಗಿ ಕಟ್ಟಿದಾಗ ಸರಿಯಿದ್ದ ಪಟ್ಟಿ ನಿಂತಾಗ ಬಿಗಿಯಾಗುತ್ತದೆ.

ಬೇಸಗೆಯಾದರೆ ಎರಡು ದಿನಕ್ಕೊಮ್ಮೆ ಪಟ್ಟಿ ಬದಲಿಸಿದರೆ ನಡೆಯುತ್ತದೆ. ವರ್ಷಕ್ಕೆ 3,500 ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುವ, ಅದರಲ್ಲಿ ಬಹುಪಾಲು ಜೂನ್‌ನಿಂದ ಸೆಪ್ಟೆಂಬರಿನೊಳಗೇ ಸುರಿಯುವ ಈ ಊರುಗಳಲ್ಲಿ ದಿನಾ ಸ್ನಾನದ ನಂತರ ಬದಲಿಸಬೇಕು. ನಡುವೆ ಒದ್ದೆಯಾದರೆ ಆಗಲೇ. ಹಳೆಯ ಟೇಪಿನ ಅಂಚಿಗೆ ಎರಡು ಹನಿ ತೆಂಗಿನೆಣ್ಣೆ ಬಿಟ್ಟು ಐದು ನಿಮಿಷ ಕಾದರೆ ಬೆರಳು ಅಲುಗದೆ ಬರುತ್ತದೆ. ಹೊಸದನ್ನು ಅಂಟಿಸುವ ಮೊದಲು ಆ ಎಣ್ಣೆಯನ್ನು ಸೋಪಿನಿಂದ ತೊಳೆಯಿರಿ, ಇಲ್ಲವಾದರೆ ಟೇಪು ನಿಲ್ಲುವುದಿಲ್ಲ.

ಕೆಡುವುದು ಹೇಗೆಂದರೆ, ಮೂರನೆಯ ನಾಲ್ಕನೆಯ ದಿನ ಸಂದಿಯ ಚರ್ಮ ಬಿಳಿಚಿ, ನೀರಲ್ಲಿ ನೆನೆಸಿದ ಅವಲಕ್ಕಿಯಂತೆ ಮೆತ್ತಗಾಗುತ್ತದೆ. ಆಮೇಲೆ ತುರಿಕೆ, ವಾಸನೆ, ಸೀಳು. ನಾಲ್ಕನೆಯ ಮತ್ತು ಐದನೆಯ ಬೆರಳಿನ ನಡುವೆ ಮೊದಲೇ ಗಾಳಿ ಆಡುವುದಿಲ್ಲ, ಶಿಲೀಂಧ್ರ ಮೊದಲು ಹಿಡಿಯುವುದು ಅಲ್ಲೇ. ಬಿಳಿಚಿದ್ದು ಕಂಡ ರಾತ್ರಿ ಪಟ್ಟಿ ಬಿಚ್ಚಿ ಬೆರಳುಗಳನ್ನು ಗಾಳಿಗೆ ಬಿಟ್ಟು ಮಲಗಿ. ಹಗುರ ಹೊದಿಕೆಯೂ ಬೆರಳಿಗೆ ತಾಗದ ಹಾಗೆ ಕಾಲಿನ ಕಡೆ ದಿಂಬು ನಿಲ್ಲಿಸಿ. ತುರಿಕೆ ಶುರುವಾಗಿದ್ದರೆ ಕ್ಲೋಟ್ರಿಮಜೋಲ್ ಮುಲಾಮು ಎರಡರಿಂದ ನಾಲ್ಕು ವಾರ ಬೇಕಾಗುತ್ತದೆ, ತುರಿಕೆ ನಿಂತ ಕೂಡಲೇ ಬಿಟ್ಟರೆ ಮರಳಿ ಬರುತ್ತದೆ. ಸಂದು ಸೀಳಿದ್ದರೆ ಪಟ್ಟಿ ಕಟ್ಟಲೇಬೇಕೆಂಬ ಹಟ ಬೇಡ. ಪಟ್ಟಿ ಮತ್ತು ಗಟ್ಟಿ ಅಟ್ಟೆ ಇವೆರಡರಲ್ಲಿ ಒಂದನ್ನೇ ಇಟ್ಟುಕೊಳ್ಳಿ ಎಂದರೆ ನಾನು ಅಟ್ಟೆಯನ್ನೇ ಆರಿಸುತ್ತೇನೆ. ನೋವು ಬರುವುದು ಹೆಜ್ಜೆಯ ಕೊನೆಯಲ್ಲಿ ಬೆರಳು ಮಡಚುವಾಗ. ಮಡಚದಂತೆ ತಡೆಯುವುದು ಅಟ್ಟೆ.

ಅಟ್ಟೆಯ ಪರೀಕ್ಷೆ ಸುಲಭ. ಚಪ್ಪಲಿಯ ಹಿಮ್ಮಡಿ ಮತ್ತು ತುದಿ ಹಿಡಿದು ಮಡಚಿ ನೋಡಿ, ಸುಲಭವಾಗಿ ಮಡಚಿದರೆ ಆಗದು. ಹವಾಯಿ ಚಪ್ಪಲಿ ಎಲ್ಲಕ್ಕಿಂತ ಕೆಟ್ಟದ್ದು. ಅದು ಜಾರದಿರಲಿ ಎಂದು ಬೆರಳುಗಳು ಪ್ರತಿ ಹೆಜ್ಜೆಗೂ ಹಿಡಿಯುತ್ತವೆ, ಆ ಹಿಡಿತವೇ ಮುರಿದ ತುಂಡನ್ನು ಎಳೆಯುತ್ತದೆ. ಹಿಂದೆ ಪಟ್ಟಿ ಇರುವ, ಮೇಲೆ ವೆಲ್ಕ್ರೋ ಇರುವ ದಪ್ಪ ಅಟ್ಟೆಯ ಸ್ಯಾಂಡಲ್ ಒಳ್ಳೆಯದು. ಬಾವು ಇರುವಷ್ಟು ದಿನ ಒಂದು ಸೈಜ್ ದೊಡ್ಡದು. ದೊಡ್ಡ ಆಸ್ಪತ್ರೆಗಳ ಎದುರಿನ ಮೆಡಿಕಲ್ ಅಂಗಡಿಗಳಲ್ಲಿ ಕಾಸ್ಟ್ ಶೂ ಎಂದು ಕೇಳಿದರೆ ಮರದ ಹಲಗೆಯಂಥ ಅಟ್ಟೆಯದ್ದು ಸಿಗುತ್ತದೆ. ಅದನ್ನು ಹಾಕಿದಾಗ ಇನ್ನೊಂದು ಕಾಲಿಗೂ ಅಷ್ಟೇ ಎತ್ತರದ್ದು ಬೇಕು, ಇಲ್ಲದಿದ್ದರೆ ಹತ್ತು ದಿನದಲ್ಲಿ ಸೊಂಟ ಹಿಡಿಯುತ್ತದೆ. ಮಳೆಗಾಲದಲ್ಲಿ ಒಂದು ಜೊತೆ ಒಣಗುತ್ತಿರಲು ಎರಡು ಜೊತೆ ಇರಲಿ.

ಮನೆಯೊಳಗೂ ಹಾಕಬೇಕು. ನಮ್ಮಲ್ಲಿ ಇದು ಕಷ್ಟದ ಮಾತು, ದೇವರ ಕೋಣೆ, ಅಡುಗೆಮನೆ ಎಂದು ಹಿರಿಯರು ಒಪ್ಪುವುದಿಲ್ಲ. ಒಳಗೆ ಮಾತ್ರ ಬಳಸುವ, ಅಂಗಳಕ್ಕೆ ಇಳಿಯದ ಹೊಸ ಜೊತೆ ಇಟ್ಟುಕೊಂಡರೆ ಹೆಚ್ಚಿನ ಮನೆಗಳಲ್ಲಿ ಒಪ್ಪಿಗೆ ಸಿಗುತ್ತದೆ. ರೆಡ್‌ಆಕ್ಸೈಡ್ ನೆಲ ತೇವದಲ್ಲಿ ಗಾಜಿನ ಹಾಗೆ ಜಾರುತ್ತದೆ. ಬರಿಗಾಲಲ್ಲಿ ಜಾರದಿರಲು ಬೆರಳು ಊರುವುದಕ್ಕಿಂತ ಈ ಏರ್ಪಾಡು ವಾಸಿ.

ಮೊದಲ ವಾರ ಹಿಮ್ಮಡಿಯ ಮೇಲೆ ನಡೆಯುವುದು ಸಹಜ. ಅದನ್ನೇ ರೂಢಿ ಮಾಡಿಕೊಳ್ಳಬಾರದು, ಮೊಣಕಾಲು ಮತ್ತು ಬೆನ್ನು ಬೆಲೆ ತೆರುತ್ತವೆ. ಕೋಲು ಹಿಡಿಯುವುದಾದರೆ ನೋವಿಲ್ಲದ ಕಾಲಿನ ಬದಿಯ ಕೈಯಲ್ಲಿ. ಮೆಟ್ಟಿಲು ಹತ್ತುವಾಗ ಒಳ್ಳೆಯ ಕಾಲು ಮೊದಲು, ಇಳಿಯುವಾಗ ನೋವಿನ ಕಾಲು ಮೊದಲು. ಸಿಟಿ ಬಸ್ಸಿನ ಎತ್ತರದ ಫುಟ್‌ಬೋರ್ಡಿಗೂ ಇದೇ ನಿಯಮ. ಕಂಡಕ್ಟರಿಗೆ ಮೊದಲೇ ಹೇಳಿ, ಸೀಟಿ ಊದುವ ಮೊದಲು ಎರಡೂ ಕಾಲು ಊರಿರಬೇಕು. ಮಂಗಳೂರಿನ ಸ್ಟೇಟ್‌ಬ್ಯಾಂಕ್ ಬಸ್ ನಿಲ್ದಾಣದ ಸಂಜೆಯ ಗಡಿಬಿಡಿಯಲ್ಲಿ ನಿಜವಾದ ಅಪಾಯ ಬೇರೆಯವರ ಬೂಟು ಬೆರಳ ಮೇಲೆ ಬೀಳುವುದು.

ನೆಲದ ಮೇಲೆ ಚಕ್ಕಳಮಕ್ಕಳ ಕೂತರೆ ಪಾದದ ಹೊರ ಅಂಚು, ಅಂದರೆ ಕಿರುಬೆರಳು, ನೆಲಕ್ಕೆ ಒತ್ತುತ್ತದೆ. ನಾಲ್ಕು ವಾರ ಕುರ್ಚಿ. ಕುಕ್ಕರುಗಾಲಲ್ಲಿ ಕೂರುವ ಶೌಚಾಲಯದಲ್ಲಿ ಬೆರಳುಗಳು ಪೂರ್ತಿ ಮಡಚುತ್ತವೆ, ಹೆಬ್ಬೆರಳು ಮುರಿದವರಿಗೆ ಕಮೋಡ್ ಕುರ್ಚಿ ಬೇಕೇಬೇಕು. ಮೆಟ್ಟುಕತ್ತಿಯನ್ನು ಪಾದದಿಂದ ಒತ್ತಿ ಹಿಡಿಯುವುದೂ ಸದ್ಯಕ್ಕೆ ಬೇಡ.

ಗೇರ್ ಬೈಕಿನಲ್ಲಿ ಎಡಗಾಲಿನ ಬೆರಳುಗಳೇ ಲಿವರ್ ಎತ್ತುವುದರಿಂದ ಎಡಗಾಲು ಪೆಟ್ಟಾದವರು ಆರು ವಾರ ಬಿಡಬೇಕು. ಸ್ಕೂಟರಿಗೆ ಗೇರ್ ಇಲ್ಲ, ಆದರೆ ಮಳೆಯಲ್ಲಿ ನಿಲ್ಲಿಸುವಾಗ ಕಾಲು ಊರಲೇಬೇಕು. ಕಾರಿನಲ್ಲಿ ಬಲಗಾಲು ಪ್ರಶ್ನೆ. ನಿಂತ ಕಾರಿನಲ್ಲಿ ಬ್ರೇಕನ್ನು ಏಕಾಏಕಿ ಜೋರಾಗಿ ಒತ್ತಿ ನೋಡಿ, ನೋವಿಗೆ ಕಾಲು ಒಂದು ಕ್ಷಣ ತಡೆದರೂ ರಸ್ತೆಗೆ ಇಳಿಯಬಾರದು.

ಊಟದ ವಿಷಯ ದೊಡ್ಡದೇನಲ್ಲ. ದಿನಕ್ಕೆ ಸುಮಾರು 1,000 ಮಿಲಿಗ್ರಾಂ ಕ್ಯಾಲ್ಸಿಯಂ ಸೇರಬೇಕು. ಹಾಲು, ಮೊಸರು, ರಾಗಿ ಮಣ್ಣಿಯಿಂದ ಬರುತ್ತದೆ, 100 ಗ್ರಾಂ ರಾಗಿಯಲ್ಲಿ ಸುಮಾರು 350 ಮಿಲಿಗ್ರಾಂ ಉಂಟು. ಜೂನ್ 1 ರಿಂದ ಜುಲೈ 31 ರ ತನಕ ಯಾಂತ್ರಿಕ ಮೀನುಗಾರಿಕೆ ನಿಂತಿರುವಾಗ ಹಸಿ ಬಂಗುಡೆ, ಬೂತಾಯಿ ದುಬಾರಿ. ಒಣ ಸಿಗಡಿ ಚಟ್ನಿ ಆ ಕೊರತೆ ತುಂಬುತ್ತದೆ, ರಕ್ತದೊತ್ತಡ ಇದ್ದವರು ಉಪ್ಪಿನ ಬಗ್ಗೆ ಗಮನ ಇಡಬೇಕಷ್ಟೆ. ಬೀಡಿ, ಸಿಗರೇಟು ಮಾತ್ರ ಮೂಳೆ ಕೂಡುವುದನ್ನು ನಿಜಕ್ಕೂ ನಿಧಾನ ಮಾಡುತ್ತವೆ.

ಎರಡನೆಯ ವಾರ ಬಣ್ಣ ನೀಲಿಯಿಂದ ಹಸಿರು, ಹಳದಿಗೆ ತಿರುಗುತ್ತದೆ, ರಾತ್ರಿಯ ಮಿಡಿತ ನಿಲ್ಲುತ್ತದೆ. ಮೂರನೆಯ ವಾರ ಎಲ್ಲಕ್ಕಿಂತ ಮೋಸದ್ದು. ನೋವು ಹೆಚ್ಚುಕಡಿಮೆ ಹೋಗಿರುತ್ತದೆ, ಒಳಗಿರುವುದು ಇನ್ನೂ ಮೆದು ಬೆಸುಗೆ. ಮದುವೆಗೋ ಉತ್ಸವಕ್ಕೋ ಹಳೆಯ ಚಪ್ಪಲಿ ಹಾಕಿ ಹೋಗಿ ಮತ್ತೆ ಎಡವಿದರೆ ಲೆಕ್ಕ ಮೊದಲಿನಿಂದ ಶುರು. ಸಣ್ಣ ಬೆರಳಿಗೆ ಪಟ್ಟಿ ಮೂರರಿಂದ ಆರು ವಾರ. ಮೂಳೆಯನ್ನು ಬೆರಳಿನಿಂದ ಒತ್ತಿದರೆ ನೋವಿಲ್ಲ ಎಂಬ ದಿನ ಬಿಡಬಹುದು. ಎಕ್ಸ್‌ರೇಯಲ್ಲಿ ಗೆರೆ ಆಗಲೂ ಕಾಣುತ್ತಿರುತ್ತದೆ, ಅದಕ್ಕೆ ಹೆದರಬೇಡಿ. ಚಿತ್ರ ಯಾವಾಗಲೂ ಕಾಲಿಗಿಂತ ಹಿಂದೆ ಇರುತ್ತದೆ.

ಒತ್ತುನೋವು ಕಡಿಮೆಯಾದ ಮೇಲೆ ವ್ಯಾಯಾಮ. ನೆಲದ ಮೇಲೆ ಬೈರಾಸು ಹಾಸಿ ಬೆರಳುಗಳಿಂದ ಮಡಚುತ್ತ ಹತ್ತಿರ ಎಳೆಯುವುದು ಹತ್ತು ಸಲ. ಹಿಮ್ಮಡಿ ನೆಲದಲ್ಲೇ ಇಟ್ಟು ಬೆರಳುಗಳನ್ನು ಮಾತ್ರ ಎತ್ತುವುದು ಹತ್ತು ಸಲ. ಕೈಯಿಂದ ಬೆರಳನ್ನು ಮೇಲಕ್ಕೆ ಬಗ್ಗಿಸಿ ಹತ್ತು ಎಣಿಸುವುದು, ಮೂರು ಸಲ. ಹೀಗೆ ದಿನಕ್ಕೆ ಮೂರು ಹೊತ್ತು. ಹೆಬ್ಬೆರಳಿಗೆ ಮೇಲ್ಮುಖ ಬಾಗು ಬಹಳ ಮುಖ್ಯ, ಸರಾಗ ನಡಿಗೆಗೆ ಅದು ಸುಮಾರು 60 ಡಿಗ್ರಿ ಬಾಗಬೇಕು. ಬಾಗದ ಹೆಬ್ಬೆರಳಿನವರು ಪಾದವನ್ನು ಹೊರಗೆ ತಿರುಗಿಸಿ ನಡೆಯತೊಡಗುತ್ತಾರೆ.

ಸಕ್ಕರೆ ಕಾಯಿಲೆಯವರು ಪ್ರತಿ ಸಂಜೆ ಕನ್ನಡಿ ಹಿಡಿದು ಅಂಗಾಲು ನೋಡಬೇಕು. ನೋವಿಲ್ಲ, ಆದರೆ ಪಾದ ಕೆಂಪಾಗಿ ಇನ್ನೊಂದಕ್ಕಿಂತ ಬಿಸಿಯಾಗಿ ಊದಿದೆ ಎಂದಾದರೆ ಅದು ಗುಣವಾಗುವ ಲಕ್ಷಣವಲ್ಲ. ಅದೇ ದಿನ ವೈದ್ಯರಲ್ಲಿಗೆ ಹೋಗಬೇಕು, ಅಲ್ಲಿಯವರೆಗೆ ಆ ಕಾಲು ಊರಬಾರದು.

ಆರು ವಾರದ ನಂತರ ಬರಿಗಾಲು. ಮೊದಲು ಮನೆಯ ನೆಲ, ಆಮೇಲೆ ದೇವಸ್ಥಾನದ ಕಲ್ಲುಹಾಸು. ಉಡುಪಿ ರಥಬೀದಿಗೆ ಜನ ಕಡಿಮೆ ಇರುವ ಬೆಳಗಿನ ಹೊತ್ತು ಹೋಗಿ. ಮಲ್ಪೆ, ಪಣಂಬೂರಿನ ಮರಳು ಎಂಟನೆಯ ವಾರದ ಮಾತು, ಅದೂ ಮೊದಲು ಅಲೆ ತಾಗಿ ಗಟ್ಟಿಯಾದ ಅಂಚಿನಲ್ಲಿ. ಸಡಿಲ ಮರಳಲ್ಲಿ ಪ್ರತಿ ಹೆಜ್ಜೆಗೂ ಬೆರಳು ಅಗೆಯಬೇಕಾಗುತ್ತದೆ. ಯಕ್ಷಗಾನ ಕಲಾವಿದರು ಮೂರು ತಿಂಗಳು ಇಟ್ಟುಕೊಳ್ಳಲಿ. ದಿಗಿಣದಲ್ಲಿ, ಅಂದರೆ ಹಾರಿ ಸುತ್ತುವ ಕುಣಿತದಲ್ಲಿ, ಇಡೀ ಮೈ ಪಾದದ ತುದಿಗೆ ಇಳಿಯುತ್ತದೆ, ಮಂಡಿ ತಿರುಗುವಾಗ ಬೆರಳು ನೆಲಕ್ಕೆ ಮಡಚಿ ಉಜ್ಜುತ್ತದೆ. ಒಂಟಿಕಾಲಲ್ಲಿ ಹತ್ತು ಸಲ ಹಿಮ್ಮಡಿ ಎತ್ತಿ ಇಳಿಸಲು, ಹತ್ತು ಸಲ ಕುಪ್ಪಳಿಸಲು ನೋವಿಲ್ಲದೆ ಬಂದ ಮೇಲೆಯೇ ಗೆಜ್ಜೆ. ಆಟಿಯಲ್ಲಿ ಮುರಿದುಕೊಂಡವರಿಗೆ ನವೆಂಬರಿನಲ್ಲಿ ಶುರುವಾಗುವ ಮೇಳದ ತಿರುಗಾಟಕ್ಕೆ ಅಷ್ಟು ಸಮಯ ಸಿಗುತ್ತದೆ.

ಸಂಜೆಯ ಹೊತ್ತಿನ ಸಣ್ಣ ಬಾವು ಮೂರು ತಿಂಗಳವರೆಗೂ ಬಂದು ಹೋಗಬಹುದು, ಮುರಿದ ಜಾಗದಲ್ಲಿ ತುಸು ದಪ್ಪ ಉಳಿಯಲೂಬಹುದು. ಆ ಕಾರಣಕ್ಕೆ ಕಾಲುಂಗುರವನ್ನು ಬೆಳಿಗ್ಗೆ ಅಳತೆ ನೋಡಿ ಹಾಕಬಾರದು. ದಿನವಿಡೀ ಓಡಾಡಿದ ಮೇಲೆ, ಸಂಜೆ ಏಳರ ಸುಮಾರಿಗೆ, ಬಾಯಿಬಿಟ್ಟ ಉಂಗುರವನ್ನು ಅಗಲಿಸಿ ಹಾಕಿ ನೋಡಿ. ಅಡಿಯಿಂದ ಒಂದು ಎಳೆ ದಪ್ಪ ದಾರ ಸಲೀಸಾಗಿ ಸರಿಯುವಷ್ಟು ಸಡಿಲ ಇದ್ದರೆ ಇರಲಿ. ಇಲ್ಲವಾದರೆ ಇನ್ನೂ ಎರಡು ವಾರ ಪೆಟ್ಟಿಗೆಯಲ್ಲೇ ಇರಲಿ.